ನಾಳೆ ಬಾ

ಸಾಲ್ಮಿಯಾದ ಥಿಯೇಟರಿನೊಳಗೆ
ಪ್ರತಿ ಬೇಸಿಗೆ ರಜೆಗೊಮ್ಮೆ ಮಳೆ ಬರುತ್ತದೆ.

ಹೊರಗೆ ನಲ್ವತ್ತೊಂಬತ್ತು ಡಿಗ್ರಿ,
ಕಾರಿನ ಹಿಡಿ ಮುಟ್ಟಿದರೆ ಗುಳ್ಳೆ ಏಳುವ ಮಧ್ಯಾಹ್ನ.
ಒಳಗೆ ಪರದೆಯಲ್ಲಿ ಜಪಾನಿನ ಸಣ್ಣ ಓಣಿ,
ಜಿಟಿಜಿಟಿ ಜಿಟಿಜಿಟಿ,
ಕೊಡೆ ರಿಪೇರಿಯ ಅಂಗಡಿಯಲ್ಲಿ ಕೂತ
ಡೊಳ್ಳುಹೊಟ್ಟೆಯ ನೀರುನಾಯಿ,
ಕಡ್ಡಿ ಮುರಿದ ಕೊಡೆ ಹಿಡಿದು ಬಾಗಿಲಲ್ಲಿ
ನಾಲ್ಕನೇ ಕ್ಲಾಸಿನ ಅದೇ ಹುಡುಗಿ.

ನಮ್ಮ ರೋಶ್ವಿನ್ ನಾಲ್ಕನೇ ಕ್ಲಾಸು ದಾಟಿ ಹತ್ತು ವರ್ಷ.
ಅವಳಿನ್ನೂ ಪಾಸಾಗಿಲ್ಲ.
ಅವಳ ಇಕಾಮಾ ಯಾರೂ ಕೇಳುವುದಿಲ್ಲ,
ಬೆರಳಚ್ಚಿಗೆಂದು ಸಾಲಿನಲ್ಲಿ ನಿಲ್ಲಿಸುವುದಿಲ್ಲ.

ಕೊಡೆ ಎಂಬ ಪದ ನನ್ನ ಮಗ ಕಲಿತದ್ದು
ಆ ನೀರುನಾಯಿಯ ಬಾಯಿಂದ, ಅರಬ್ಬಿಯಲ್ಲಿ.
ಅದೂ ಗ್ರಂಥದ ಅರಬ್ಬಿ.
ಆರು ವರ್ಷದವ ಕೆಳಗಿಳಿದು ಹಾರಿಸನಿಗೆ
"ಓ ಮಹನೀಯರೇ, ದ್ವಾರ ತೆರೆಯುವ ಕೃಪೆಯಾಗಲಿ" ಎಂದನಂತೆ,
ಹಳಗನ್ನಡದಲ್ಲಿ ಯಾರೋ ಬೆಲ್ಲ ಕೇಳಿದ ಹಾಗೆ.
ಈಜಿಪ್ಟಿನ ಆ ಮನುಷ್ಯ
ಚಾಪೆಯಿಂದೆದ್ದು ಸೆಲ್ಯೂಟ್ ಹೊಡೆದ.

ನನ್ನದೊಂದು ನಾಚಿಕೆಯ ವಿಷಯ:
ಹದಿನಾಲ್ಕು ಸಿನಿಮಾಕ್ಕೆ ಟಿಕೆಟು ತೆಗೆದವಳು
ಒಂದರ ಕೊನೆಯನ್ನೂ ಕಂಡಿಲ್ಲ.
ನೈಟ್ ಡ್ಯೂಟಿ ಮುಗಿಸಿ, ಕೈಯಲ್ಲಿನ್ನೂ ವಾರ್ಡಿನ ವಾಸನೆ,
ಏಸಿ, ಕತ್ತಲು, ಆ ಮಳೆಯ ಸದ್ದು.
ತಲೆ ತಾನೇ ವಾಲುತ್ತಿತ್ತು.
ವಾಪಸಾಗುವಾಗ ಟ್ಯಾಕ್ಸಿಯಲ್ಲಿ ಕೊನೆಯನ್ನು ಅವನೇ ಹೇಳುವನು:
ಒಂದು ವರ್ಷ ನೀರುನಾಯಿ ಚಂದ್ರನಿಗೆ ತೇಪೆ ಹಾಕಿತು,
ಒಂದು ವರ್ಷ ಹುಡುಗಿ ಕೊಡೆಯಲ್ಲಿ ಕೂತು ಸಮುದ್ರ ದಾಟಿ
ಅಮ್ಮನನ್ನು ಆಸ್ಪತ್ರೆಯಿಂದ ಮನೆಗೆ ಕರೆತಂದಳು.

ಈ ಸಲ ಅವನಿಗೆ ಗಡ್ಡ. ನನ್ನ ವೀಸಾದಡಿ ಕೊನೆಯ ಬೇಸಿಗೆ.
"ಎರಡು ಟಿಕೆಟ್ ತೆಗೀಲಾ ಮಮ್ಮಿ?" ಎಂದ, ಫೋನು ನೋಡುತ್ತಲೇ.
ಎರಡು ಲೋಟ ಕಡಕ್ ಚಾ ಕುಡಿದು ಹೋದೆ.

ಕೊನೆಯಲ್ಲಿ ಏನೂ ಆಗಲಿಲ್ಲ.
ಹುಡುಗಿ ಕೊಡೆ ಬಿಚ್ಚಿಕೊಂಡು ಹೋದಳು.
ನೀರುನಾಯಿ ಶಟರ್ ಎಳೆದು ಹಲಗೆಗೆ ಕೈ ಹಾಕಿತು.
ಹಲಗೆ ನಮ್ಮತ್ತ ತಿರುಗುವ ಮೊದಲೇ
ಥಿಯೇಟರಿನ ಮಕ್ಕಳೆಲ್ಲ ಒಟ್ಟಿಗೆ ಕೂಗಿದವು,
ಬಾಯಿಪಾಠ ಒಪ್ಪಿಸಿದಂತೆ:
ನಾಳೆ ಬಾ!

ನಮ್ಮೂರಲ್ಲೊಮ್ಮೆ ಬಾಗಿಲುಗಳ ಮೇಲೆ
ಸೀಮೆಸುಣ್ಣದಲ್ಲಿ ಇದನ್ನೇ ಬರೆಯುತ್ತಿದ್ದರು.
ಓದಲು ಬರುವ ಭೂತ, ಪಾಪ,
ದಿನಾ ನಂಬಿ ತಿರುಗಿ ಹೋಗುತ್ತಿತ್ತು.

ಟ್ಯಾಕ್ಸಿಯಲ್ಲಿ ಕೇಳಿದೆ, "ಕೊನೆಗೆ ಏನಾಯ್ತೋ?"
"ಪುನಃ ನಿದ್ದೆಯಾ?"
"ಹೂಂ."
ಅವನು ಗಡ್ಡ ಉಜ್ಜಿಕೊಂಡ. ಕಿಟಕಿಯಾಚೆ ಬಿಳಿಚಿದ ಕಡಲು.
"ಈ ಸಲ ನೀರುನಾಯಿ, ಮಮ್ಮಿ..." ಎಂದು
ಶುರು ಮಾಡಿದ.