ಡಿಸ್ಕು ಸಿಗುತ್ತಿಲ್ಲ

ಬೆಳಿಗ್ಗೆ ಒಂಬತ್ತಕ್ಕೆ ಶಟರ್ ಅರ್ಧ ಎತ್ತಿದ್ದೆ,
ಬಗ್ಗಿ ಒಳಬಂದರು ಖುರ್ಷಿದಾ ಸಿಸ್ಟರ್.
ದೊಡ್ಡಾಸ್ಪತ್ರೆಯ ನೈಟ್ ಡ್ಯೂಟಿ ಮುಗಿಸಿ
ಪೆನ್ಷನ್ ಮೊಹಲ್ಲಾದ ನನ್ನ ಗೇಮ್ ಅಂಗಡಿಯಲ್ಲಿ
ಗಂಟೆಗೆ ನಲವತ್ತು ರೂಪಾಯಿ ಕೊಟ್ಟು
ಒಂದೆರಡು ಮ್ಯಾಚು ಆಡಿ, ಆಮೇಲೆ ಮನೆಗೆ, ನಿದ್ದೆಗೆ.
ಹುಡುಗರು ಸ್ಕೂಲಲ್ಲಿರುವ ಹೊತ್ತು,
ಕೂಗಾಟವಿಲ್ಲ, ಪಕ್ಕದ ಬೇಕರಿಯ ಬನ್ನಿನ ವಾಸನೆ ಮಾತ್ರ.

ಟಿವಿ ಹಚ್ಚಿದೆ. ಪರದೆ ಹೇಳಿತು:
ಹೊರಗಿನ ಡಿಸ್ಕು ಸಿಗುತ್ತಿಲ್ಲ.

ಸಿಗದೆ ಎಲ್ಲಿಗೆ ಹೋಗುತ್ತೆ? ಮೂಗಿನಡಿಯೇ ಕೂತಿದೆ,
ಸೋಪಿನ ಡಬ್ಬಿಯಷ್ಟು, ಕರ್ರಗೆ,
ನೀಲಿ ದೀಪ ಮಿಟುಕಿಸುತ್ತ,
ನೆಂಟರ ಮನೆಯಲ್ಲಿ ಯಾರೂ ಮಾತಾಡಿಸದ ಮಗುವಿನ ಹಾಗೆ.
ಆರಿಸಿ ಹಚ್ಚಿದೆ. ಕಿತ್ತು ಸಿಕ್ಕಿಸಿದೆ.
ಕೇಬಲ್ಲಿನ ಬಾಯಿಗೆ ಉಫ್ ಎಂದು ಊದಿದೆ.
ಊದಿದರೆ ಏನೂ ಆಗಲ್ಲ ಅಂತ ಗೊತ್ತು,
ಕ್ಯಾಸೆಟ್ಟಿನ ಕಾಲದ ರೂಢಿ.
ಕೇಬಲ್ಲನ್ನೇ ಬದಲಿಸಿದೆ. ದೇವರಿಗೊಂದು ಸಣ್ಣ ಬೈಗುಳ.

"ಯಾವಾಗಿಂದ?" ಕೇಳಿದರು ಸಿಸ್ಟರ್.
"ಈಗ ತಾನೆ."
"ರಾತ್ರಿ ಏನಾಯ್ತು?"
"ಕರೆಂಟು ಹೋಯ್ತು. ಎರಡು ಸಲ. ಹುಡುಗ್ರು ಆಡ್ತಾ ಇರುವಾಗಲೇ."
"ಅದನ್ನ ಈಗ ಹೇಳ್ತೀಯಾ?"
ಹಳೆಯ ಚೀಟಿ ಮನೆಯಲ್ಲೇ ಮರೆತು ಬಂದವರನ್ನು ಗದರುವ ದನಿ.
ಡಿಸ್ಕಿನ ಬೆನ್ನ ಮೇಲೆ ಅಂಗೈಯಿಟ್ಟು
ಕಣ್ಣು ಮುಚ್ಚಿದರು.
"ಸುತ್ತೋಕೆ ನೋಡುತ್ತೆ. ಆಗ್ತಿಲ್ಲ.
ಉಸಿರು ಸಾಲ್ತಿಲ್ಲ ಕಣಪ್ಪ ಇದಕ್ಕೆ. ಎಲ್ಲಿಂದ ಕೊಡ್ತಿದ್ದೀಯ?"

ವೈರು ಹಿಡಿದು ಬೆರಳಲ್ಲೇ ನಡೆದರು:
ಬಿ.ಎಂ. ರಸ್ತೆಯಲ್ಲಿ ನೂರೈವತ್ತಕ್ಕೆ ತಂದ ಹಬ್ಬು,
ನಾಲ್ಕು ಬಾಯಿ.
ಒಂದರಲ್ಲಿ ನನ್ನ ಫೋನು,
ಒಂದರಲ್ಲಿ ಮೇಜಿನಂಚಿನ ಬಣ್ಣದ ದೀಪ,
ಒಂದರಲ್ಲಿ ಈ ಡಿಸ್ಕು,
ಕೊನೆಯದರಲ್ಲಿ
ಅವರ ಕುರ್ಚಿಯ ಕಡೆಗೇ ಮುಖ ಮಾಡಿದ, ಅಂಗೈಯಗಲದ ಫ್ಯಾನು.

ಭಾನುವಾರ ತಂದದ್ದು.
ಯಾಕೆ ಅಂತ ಅವರು ಕೇಳಲಿಲ್ಲ,
ನಾನೂ ಹೇಳಲಿಲ್ಲ.
ಫ್ಯಾನು ಕಿತ್ತಿಟ್ಟರು. ಡಿಸ್ಕನ್ನು ನೇರ ಯಂತ್ರಕ್ಕೇ ಸಿಕ್ಕಿಸಿದರು.
ದೀಪ ನಿಂತು ಉರಿಯಿತು.

ಅಲ್ಲಿಗೇ ಮುಗಿಯಲಿಲ್ಲ.
ಡಿಸ್ಕು ಕೆಟ್ಟಿದೆ, ರಿಪೇರಿ ಮಾಡಲೇ?
ಮಾಡು ಮಾರಾಯ.
ನಲವತ್ತೊಂದಕ್ಕೆ ನಿಂತುಬಿಟ್ಟಿತು,
ರೈಲ್ವೆ ಗೇಟಿನಲ್ಲಿ ಸಿಕ್ಕ ಆಲೂಗಡ್ಡೆ ಲಾರಿ.
ಆಮೇಲೆ ಕೊನೆಯ ಮಾತು:
ಫಾರ್ಮ್ಯಾಟ್ ಮಾಡಿ. ಎಲ್ಲವೂ ಅಳಿಸಿಹೋಗುತ್ತದೆ.

ಎಲ್ಲವೂ ಅಂದರೆ
ಹನ್ನೊಂದು ಸೀಸನ್. ತೀರ ಕೆಳಗಿನ ಡಿವಿಷನ್ನಿಂದ
ಅವರು ಮೇಲೆ ತಂದ ಫುಟ್‌ಬಾಲ್ ತಂಡ.
ಗೋಲಿಗೆ ವಾರ್ಡ್‌ಬಾಯ್ ಹೂವಯ್ಯ,
ಹಿಂದೆ ಲಿಫ್ಟಿನ ದ್ಯಾವಪ್ಪ,
ಮುಂದೆ ಮೇಟ್ರನ್ ಫಿಲೋಮಿನಾ, ಎಡಗಾಲು ಎತ್ತಿದರೆ ತಡೆಯುವವರಿಲ್ಲ.
ಬೆಂಚಿನಲ್ಲಿ, ಎಂದೂ ಆಡಿಸದ, ಎಂದೂ ಮಾರದ
ಇಪ್ಪತ್ಮೂರನೇ ನಂಬರು: ಜವರಮ್ಮ.
ಯಾರು ಅಂತ ಒಮ್ಮೆ ಕೇಳಿದ್ದೆ.
"ಆ ಬೆಡ್ಡಿಗೆ ಈಗ ಬೇರೆಯವರು ಬಂದಿದ್ದಾರೆ" ಅಂದಿದ್ದರು.

ಒತ್ತೋಕೆ ನನಗೆ ಬೆರಳು ಬರಲಿಲ್ಲ.
ಹಿಂದಕ್ಕೆ ಹೋಗಿ ಸೆಟ್ಟಿಂಗಿನ ಒಳಗೊಳಗೆ ಇಳಿದೆ,
ಸುಮ್ಮನೆ, ಹೊತ್ತು ತಳ್ಳೋಕೆ.
ಅಲ್ಲಿ, ಯಂತ್ರದ ಸ್ವಂತ ಹೊಟ್ಟೆಯಲ್ಲಿ,
ಒಂದು ಸಣ್ಣ ಫೈಲು. ಹನ್ನೆರಡು ಎಂಬಿ.
ಆಟ ಹೊರಗಿನ ಡಿಸ್ಕಲ್ಲಿತ್ತು.
ಆಡಿದ್ದು ಒಳಗೇ ಇತ್ತು.

ನಾಲ್ಕು ವರ್ಷದಿಂದ ಅಂಗಡಿ ನಡೆಸುತ್ತೇನೆ,
ನನಗೇ ಗೊತ್ತಿರಲಿಲ್ಲ.
"ಸಿಸ್ಟರ್, ಎಲ್ಲ ಇದ್ದಾರೆ" ಅಂದೆ.
"ಜವರಮ್ಮ?"
"ಹೆಸರು ಕಾಣಲ್ಲ ಇಲ್ಲಿ. ಫೈಲಿದೆ. ಇರಬೇಕು."

ಫಾರ್ಮ್ಯಾಟ್ ಒತ್ತಿದರು. ಅವರೇ.
ಎಂಬತ್ತಾರು ಜಿಬಿ ಮತ್ತೆ ಇಳಿಯಬೇಕು ಇನ್ನು,
ನಮ್ಮ ನೆಟ್ಟಿಗೆ ನಾಳೆ ಸಂಜೆಯೂ ಆದೀತು.
"ಸ್ವಲ್ಪ ನೋಡಿ ಹೋಗ್ತೀನಿ" ಎಂದು ಕೂತವರು
ಎರಡು ಪರ್ಸೆಂಟಿಗೆ ನಿದ್ದೆಹೋದರು,
ಚಪ್ಪಲಿ ಕೂಡ ಬಿಟ್ಟಿರಲಿಲ್ಲ.

ಫೋನಿನ ಚಾರ್ಜರು ಹುಡುಕಿ
ಗೋಡೆಯ ಪ್ಲಗ್ಗಿಗೇ ಹಚ್ಚಿದೆ ಫ್ಯಾನನ್ನು.
ಲೆಕ್ಕದ ಪುಸ್ತಕದಲ್ಲಿ ಅವರ ಹೆಸರಿನ ಮುಂದೆ
ಬಂದ ಹೊತ್ತು ಬರೆದಿದ್ದೆ, ಒಂಬತ್ತು ಐದು.
ಅದರಾಚೆಯ ಮನೆ ಖಾಲಿ ಬಿಟ್ಟೆ.