ಕಂಡಷ್ಟು ದೂರ

ಒಡೀಲ್ ಮುಂದಿನ ಗಾಡಿಯಲ್ಲಿ, ನಾನು ಹಿಂದಿನದರಲ್ಲಿ,
ನಡುವೆ ನಾನೂರು ಮೀಟರು, ಹೆಚ್ಚಿಲ್ಲ ಕಮ್ಮಿಯಿಲ್ಲ.
ಅವಳ ಗಾಡಿಯ ಬೆನ್ನಿಗೊಂದು ಕಿತ್ತಳೆ ಬಣ್ಣದ ಹಲಗೆ.
ದಿಬ್ಬದಾಚೆ ಅದು ಪೂರ್ತಿ ಮುಳುಗಿದ ಗಳಿಗೆ
ರೇಡಿಯೋ ಒತ್ತಿ ಹೇಳಬೇಕು ನಾನು: "ಮರೆಯಾದೆ."
ಬ್ರೇಕು ಹಾಕಿ, ಇಳಿದು,
ಡಾಂಬರಿನ ಮೇಲೆ ಕಾಲಬಳಿಯೇ ಒಂದು ಗುರುತು.
ಅಲ್ಲಿಂದ ಅಖಂಡ ಗೆರೆ.
ಹಲಗೆ ಮತ್ತೆ ತಲೆಯೆತ್ತಿದಲ್ಲಿ, "ಕಂಡೆ."
ಅಲ್ಲಿಂದ ತುಂಡು ಗೆರೆ.

ಇಷ್ಟೇ ನಮ್ಮ ವಿದ್ಯೆ.
ಹರ್ಸ್ಟ್‌ನಿಂದ ಲಾಂಗ್‌ಲಾಕ್‌ವರೆಗೆ ಇನ್ನೂರು ಚಿಲ್ಲರೆ ಕಿಲೋಮೀಟರು
ಯಾರು ಯಾರನ್ನು ಎಲ್ಲಿ ಹಿಂದಿಕ್ಕಬಹುದು ಎಂಬುದು
ಒಬ್ಬಳು ನನಗೆಲ್ಲಿ ಕಾಣದಾದಳು
ಎಂಬುದರ ಮೇಲೆ ನಿಂತಿದೆ.

ಇರುವುದು ಎರಡೇ ಪಟ್ಟಿ, ಹೋಗಲೊಂದು ಬರಲೊಂದು.
ಅಕ್ಕಪಕ್ಕ ಕಪ್ಪು ಸ್ಪ್ರೂಸ್, ಬುಡದಲ್ಲಿ ಜೌಗು.
ಜೌಗಿನಿಂದ ಎದ್ದುಬರುವ ಮೂಸ್‌ಗೆ
ಯಾವ ಗೆರೆಯೂ ಅಖಂಡವಲ್ಲ.
ದಿಮ್ಮಿ ಹೊತ್ತ ಲಾರಿ, ಅದರ ಬಾಲಕ್ಕೆ
ಸೈಕಲ್ಲು ಕಟ್ಟಿಕೊಂಡ ಮನೆಗಾಡಿ,
ಅದರ ಬಾಲಕ್ಕೆ ರಾತ್ರಿಪಾಳಿ ಮುಗಿಸಿದ ನರ್ಸು,
ಐಸ್ ಹಾಕಿಗೆ ಹೊರಟ ಹುಡುಗರ ವ್ಯಾನು,
ಕಡೆಗೆ, ಆಮೆಯ ಹಾಗೆ ಮೂತಿ ಹೊರಚಾಚಿ
ಒಳಗೆಳೆದುಕೊಳ್ಳುತ್ತಲೇ ಇರುವ ಕೆಂಪು ಕಾರು.
ಆ ಲಾರಿ ದಾಟಲು ಹದಿನಾಲ್ಕು ಸೆಕೆಂಡು ಬೇಕು.
ಹದಿನಾಲ್ಕು ಸೆಕೆಂಡು ನೀವು
ಎದುರಿನವನ ಮನೆಗೆ ಕರೆಯದೆ ನುಗ್ಗಿದ ನೆಂಟ.

ಒನೆಸೀಮ್ ಗ್ರೆನಿಯೆಗೆ ಎಂಬತ್ತೊಂದು.
ಗುರುವಾರ ಗುರುವಾರ ಪೇಟೆಗೆ ಮೊಟ್ಟೆ ಸಾಗಿಸುತ್ತಾನೆ,
ಗಂಟೆಗೆ ಅರವತ್ತು, ಅದೂ ಇಳಿಜಾರಿನಲ್ಲಿ.
ಮೊಟ್ಟೆಗೇನು ಅವಸರ?
ಆದರೆ ಕನ್ನಡಿಯಲ್ಲಿ ಕಾಣುವ ಮುಖಗಳಿಗಿದೆ, ಅವನಿಗದು ಗೊತ್ತು.
ಸೇತುವೆ ದಾಟಿದ ಮೇಲೆ ಏರಿನ ಬುಡದಲ್ಲಿ
ಜಲ್ಲಿಗೆ ಇಳಿದು ನಿಲ್ಲುತ್ತಾನೆ. ಎಲ್ಲ ಹೋಗಲಿ.
ಹೋಗುವವರು ಸ್ಟೀರಿಂಗಿನಿಂದ ಕೈ ಎತ್ತುತ್ತಾರೆ.
ಮೊಟ್ಟೆ ಲೆಕ್ಕದ ಪುಸ್ತಕದಲ್ಲಿ ಅವನು ಬರೆಯುತ್ತಾನೆ:
ಎಷ್ಟು ಗಾಡಿ ಹೋದವು, ಎಷ್ಟು ಕೈ ಎದ್ದವು.
ಹನ್ನೊಂದು ವರ್ಷ.

ಮೂರನೆಯ ಪಟ್ಟಿಗೆ ದುಡ್ಡು ಬಂತು, ಬರೀ ಎರಡು ಕಿಲೋಮೀಟರಿಗೆ.
ಕಚೇರಿ ಏಪ್ರಿಲ್ಲಿನ ಕೆಸರಿನಲ್ಲಿ, ಯಾರೂ ಹೊರಡದ ವಾರ,
ರಸ್ತೆಗಡ್ಡ ರಬ್ಬರು ಕೊಳವೆ ಹಾಸಿ ಎಣಿಸಿ
ಸಮತಟ್ಟು ಜಾಗ ತೋರಿಸಿತು. ಅಲ್ಲಿ ಅಗೆತ ಅಗ್ಗ.
"ಸಮತಟ್ಟಿನಲ್ಲಿ ಲಾರಿಯೂ ಓಡುತ್ತದಪ್ಪ,
ಅದಕ್ಕೆ ಉಸಿರು ಕಟ್ಟುವುದು ಏರಿನಲ್ಲಿ,"
ಎಂದು ಒಡೀಲ್ ಮೊಟ್ಟೆ ಪುಸ್ತಕ ಮೇಜಿನ ಮೇಲಿಟ್ಟಳು.
ಜೂನ್ ಹನ್ನೆರಡು: ಹದಿನಾಲ್ಕು ಗಾಡಿ, ಒಂಬತ್ತು ಕೈ.
ಜೂನ್ ಹತ್ತೊಂಬತ್ತು: ಇಪ್ಪತ್ತು ಗಾಡಿ, ಹದಿನಾರು ಕೈ,
ಒಬ್ಬ ಬರೀ ಬೆರಳು ಎತ್ತಿದ.
ಎಂಜಿನಿಯರು ನಕ್ಕ. ಮತ್ತೆ ನಗದೆ ಓದಿದ,
ಸಂಜೆತನಕ.

ಪಟ್ಟಿ ಏರಿಗೇ ಬಂತು.
ಲಾರಿ ಬಲಕ್ಕೆ ಸರಿದು ಏದುಸಿರು ಬಿಡುತ್ತದೆ,
ನರ್ಸು ಹೋದಳು, ವ್ಯಾನು ಹೋಯಿತು,
ಕೆಂಪು ಕಾರು ಯಾವಾಗ ಹೋಯಿತೋ.
ಒನೆಸೀಮ್ ಈಗ ನಿಲ್ಲಬೇಕಾಗಿಲ್ಲ.
"ಸುಖವಾಯಿತಲ್ಲ?" ಎಂದೆ, ಗುರುವಾರದ ಸಂತೆಯಲ್ಲಿ.
ಪುಸ್ತಕ ತೆರೆದು ತೋರಿಸಿದ.
ಗಾಡಿ: ನಲವತ್ತೊಂದು.
ಕೈ: ಅಲ್ಲಿ ಏನೂ ಬರೆದಿರಲಿಲ್ಲ.
"ದಾರಿ ಕೊಟ್ಟದ್ದು ಸರ್ಕಾರ, ನನಗ್ಯಾಕೆ ಎತ್ತುತ್ತಾರೆ,"
ಎಂದು ಅರ್ಧ ಡಜನ್ ಮೊಟ್ಟೆ ಕಟ್ಟಿಕೊಟ್ಟ.
ದುಡ್ಡು ಪೂರ್ತಿ ತೆಗೆದುಕೊಂಡ.

ಇವತ್ತು ಇನ್ನೊಂದು ದಿಬ್ಬ.
ಒಡೀಲಳ ಹಲಗೆ ಅರ್ಧ ಮುಳುಗಿದೆ,
ಈಗ ಒಂದು ಅಂಚು, ಕಿತ್ತಳೆಯ ಒಂದು ಸಿಪ್ಪೆಯಷ್ಟು.
ಬೆರಳು ರೇಡಿಯೋ ಮೇಲೆ.
ಅಷ್ಟರಲ್ಲಿ ಹಿಂದೆ ಹಾರ್ನು.
ಅಳೆಯುತ್ತ ತೆವಳುವ ನನ್ನ ಗಾಡಿಯ ಬೆನ್ನಿಗೆ
ಹನ್ನೊಂದು ಮುಖ, ಕನ್ನಡಿಯ ತುಂಬ.
"ಆರ್ವೋ? ಮರೆಯಾದೆನಾ?" ಎನ್ನುತ್ತಿದ್ದಾಳೆ.
"ತಾಳು," ಎಂದು ಜಲ್ಲಿಗಿಳಿದೆ.
ಹೋಗಲು ಬಿಟ್ಟೆ. ಎಣಿಸಿದೆ.
ನಾಲ್ಕು ಕೈ.