ಎಲ್ಲೆಗೂಟದ ಮೇಲಿನ ಬಳ್ಳಿ

ಕೆಲಸ ಸರಳ: ಮೇನ್ ರಾಜ್ಯದ ಬಡಗಣ ತುದಿಯಲ್ಲಿ
ಸೀರ್ ಅಕ್ಕತಂಗಿಯರ ಕಾಡು ಎರಡು ಪಾಲಾಗಬೇಕು.
ಹಳೆಯ ಪತ್ರ ಹೇಳುವ ಕಬ್ಬಿಣದ ಗೂಟ
ಹೆಮ್ಲಾಕ್ ಮರಗಳ ನಡುವೆ ಎಲ್ಲೋ ಇದೆ,
ಹುಡುಕಿಕೊಟ್ಟರೆ ನನಗೆ ಕೂಲಿ.

ಓಝಿತ್ ಬಂದಳು ನನ್ನ ಜೊತೆ. ಎಂಬತ್ತೊಂದರ ಮಂಡಿ,
ತೀರಿಹೋದ ಗಂಡನ ರಬ್ಬರ್ ಬೂಟು, ಊರಿಕೊಳ್ಳಲು ಹಳೇ ಸ್ಕೀ ಕೋಲು.
ಮೆಲನೀಸ್ ಬರಲಿಲ್ಲ. ಅವಳ ಅಡುಗೆಮನೆಯ ಕಿಟಕಿಯಲ್ಲಿ
ಪರದೆ ಒಂದು ಬೆರಳು ಸರಿದಿತ್ತು, ಅಷ್ಟೆ.
ಹತ್ತೊಂಬತ್ತು ವರ್ಷ ಮಾತಿಲ್ಲ. ಕಾರಣ ಕೇಳಿದೆ.
"ಒಲೆ" ಅಂದಳು.
ಇಪ್ಪತ್ತು ಹೆಜ್ಜೆ ಬಿಟ್ಟು,
"ಒಲೆಯಲ್ಲ" ಅಂದಳು.

ನದಿಯಾಚೆ ಕೆನಡಾದಲ್ಲಿ ಯಾರೋ ಮರ ಕೊಯ್ಯುತ್ತಿದ್ದರು.
ಲೋಹ ಹುಡುಕುವ ನನ್ನ ಯಂತ್ರ
ಮೇಪಲ್ ಹಾಲು ಹಿಡಿಯುವ ಬಕೆಟ್ಟಿನ ಚೂರಿಗೆ ಕೂಗಿತು,
ಎಂದೋ ಸತ್ತ ಕುದುರೆಯ ಲಾಳಕ್ಕೆ ಕೂಗಿತು,
ಕೊನೆಗೆ ಒಂದು ಹಸಿರು ಚಾಪೆಯ ಮೇಲೆ ನಿಂತು
ಕೂಗು ನಿಲ್ಲಿಸಲೇ ಇಲ್ಲ.

ಚಾಪೆ ಅಂದೆ. ನೋಡದೆ ತುಳಿದುಹೋಗುವಂಥದ್ದು.
ಕಾಲಗಂಟಿನವರೆಗೂ ಏರದು; ನೆಲಕ್ಕೆ ಎದೆಯೊತ್ತಿ ಹರಿಯುವ ಬಳ್ಳಿ.
ಜೋಡಿ ಜೋಡಿ ಎಲೆ, ಉಗುರಗಲ, ನಡುವೆ ಬಿಳಿ ಬೈತಲೆ.
ಅಲ್ಲಲ್ಲಿ ಕೆಂಪು, ಬಟಾಣಿ ಗಾತ್ರ.
ಪಾರ್ಟ್ರಿಜ್‌ಬೆರಿ ಅನ್ನುತ್ತಾರೆ ಓದಿದವರು,
ಕೌಜುಗ ತಿನ್ನುತ್ತದೆಂದು.
ಓಝಿತ್ ಹುಟ್ಟಿದ ಮನೆಯಲ್ಲಿ ಅದಕ್ಕೆ ಹೆಸರಿರಲಿಲ್ಲ.
"ಅದು ಹಣ್ಣಾಗಿದೆ" ಅನ್ನುತ್ತಿದ್ದರಂತೆ,
"ಅದರ ಮೇಲೆ ಕೂರಬೇಡ."

ಕತ್ತಿ ತೆಗೆದೆ. ಕೋಲು ಅಡ್ಡ ಬಂತು.
"ತಿನ್ನು ಮೊದಲು."

ತಿಂದೆ. ಸುಳ್ಳು ಯಾಕೆ, ರುಚಿಯಿಲ್ಲ.
ನೀರಲ್ಲಿ ಕಲಸಿದ ಹಿಟ್ಟು, ಹಲ್ಲಿಗೊಂದಿಷ್ಟು ಬೀಜ,
ಸಿಹಿಯಾಗಲು ಹೊರಟು
ಯಾಕೋ ಬೇಡವೆಂದು ಕೂತಂತೆ.

"ಇನ್ನೊಂದನ್ನು ತಿನ್ನಬೇಡ, ನೋಡು."
ಅವಳ ಅಂಗೈಯಲ್ಲಿ ಹಣ್ಣು. ಹಣ್ಣಿಗೆ ಎರಡು ಚುಕ್ಕಿ,
ಎರಡು ಹೊಕ್ಕುಳು.
ಜೂನಿನಲ್ಲಿ ಹೂ ಬಿಡುವುದು ಎರಡೆರಡಾಗಿ,
ಬಿಳಿ, ಒಳಗೆಲ್ಲ ನವಿರು ರೋಮ,
ಬುಡ ಮಾತ್ರ ಒಂದೇ.
ದುಂಬಿ ಎರಡನ್ನೂ ಮುಟ್ಟಿಹೋಗಬೇಕು.
ಎರಡೂ ಉದುರಿದ ಕಡೆ ಹಣ್ಣು ಒಂದು.

"ಅಪ್ಪ ಹೇಳುತ್ತಿದ್ದ, ನೀವಿಬ್ಬರೂ ನನ್ನ ಎರಡು ಕಣ್ಣು ಅಂತ.
ಒಂದು ಕಣ್ಣಿಗೆ ಇನ್ನೊಂದು ಕಣ್ಣು ಕಾಣುವುದಿಲ್ಲ,
ಅದನ್ನು ಅವನು ಯೋಚಿಸಿರಲಿಲ್ಲ."

ಮಂಡಿಯೂರಿದೆ. ಕತ್ತಿ ಒಳಗಿಟ್ಟು, ಮಲಗಿದ ಕೂಸಿನ
ಬೆನ್ನ ಕೆಳಗೆ ಕೈ ತೂರಿಸುವಂತೆ
ಬಳ್ಳಿಯ ಕೆಳಗೆ ಬೆರಳು ತೂರಿಸಿದೆ.
ಗಂಟುಗಂಟಿಗೂ ಬೇರು. ಒದ್ದೆ ಸೂಜಿ ಎಲೆ. ತಣ್ಣಗೆ.
ಅಲ್ಲಿತ್ತು ಗೂಟ, ತುಕ್ಕು ತಿಂದು ಉಳಿಸಿದಷ್ಟು.
ಬಳ್ಳಿ ಅದರ ಆಚೆಗೂ ಹೋಗಿತ್ತು, ಈಚೆಗೂ.
ಯಾವ ಪಾಲಿನಲ್ಲಿ ಬುಡ, ಯಾವ ಪಾಲಿನಲ್ಲಿ ತುದಿ,
ಮೂವತ್ತು ವರ್ಷ ಊರವರಿಗೆ ಎಲ್ಲೆ ಗುರುತಿಸಿದವನು,
ಹೇಳಲಾರೆ.

ನೋಟ್‌ಬುಕ್ಕಿನಲ್ಲಿ ಬರೆದೆ: ಗೂಟ ಸಿಕ್ಕಿದೆ, ಕೈಯಿಂದ ಮುಟ್ಟಿ ನೋಡಿದ್ದು.
ಮೇಲೆ ಗಿಡವಿದೆ. ಕಿತ್ತಿಲ್ಲ.
ಪಕ್ಕದ ಮರಕ್ಕೆ ಕಿತ್ತಳೆ ರಿಬ್ಬನ್ ಕಟ್ಟಿದೆ.
ಅಳತೆ ಕೂದಲೆಳೆಯಷ್ಟೂ ತಪ್ಪಿಲ್ಲ, ಅದು ಬೇರೆ ಮಾತು.

ಓಝಿತ್ ಆಗಲೇ ಇಳಿಯುತ್ತಿದ್ದಳು, ಕೋಟಿನ ಜೇಬಿನಲ್ಲಿ ಒಂದು ಹಿಡಿ.
ದಾರಿ ಕವಲಾಗುವಲ್ಲಿ ಬೂಟಿನ ಮಣ್ಣು ಕೆರೆಯುತ್ತ ನಿಂತಳು,
ಅಷ್ಟು ಮಣ್ಣಿರಲಿಲ್ಲ.
ಯಾವ ಕಡೆ ತಿರುಗಿದಳೋ, ನಾನು ಟೇಪು ಸುತ್ತುತ್ತಿದ್ದೆ.

ಚಳಿಗಾಲದಲ್ಲಿ ಎರಡು ಚೆಕ್ಕು ಬಂದವು, ಎರಡು ಲಕೋಟೆಯಲ್ಲಿ.
ನನ್ನ ಬಿಲ್ಲು ಬೆಸಸಂಖ್ಯೆಯದು. ಒಂದು ಸೆಂಟು ಹೆಚ್ಚು ಬಂದಿತ್ತು:
ಅರ್ಧ ಮಾಡುವಾಗ ಇಬ್ಬರೂ
ಉಳಿದದ್ದನ್ನು ತಮ್ಮ ಮೇಲೇ ಹಾಕಿಕೊಂಡಿದ್ದರು.

ಮಾರ್ಚಿನಲ್ಲಿ ಬೇರೆ ಕೆಲಸಕ್ಕೆ ಆ ದಾರಿಯಾಗಿ ಹೋದೆ.
ಹೆಮ್ಲಾಕಿನ ಬುಡದಲ್ಲಿ ಹಿಮ ತಟ್ಟೆಯಗಲ ಕರಗಿತ್ತು.
ಅದೇ ಎಲೆ, ಅದೇ ಹಸಿರು, ಹಕ್ಕಿ ಬಿಟ್ಟ ನಾಲ್ಕಾರು ಕೆಂಪು.
ಒಂದನ್ನು ಬಾಯಿಗಿಟ್ಟು, ಕಚ್ಚದೆ,
ನಾಲಗೆಯಲ್ಲಿ ತಡವಿದೆ: ಒಂದು ಹೊಕ್ಕುಳು, ಇನ್ನೊಂದು.
ರುಚಿಯೇನೂ ಬಂದಿರಲಿಲ್ಲ.